ಕಾರಕ

ಪಿ.ಜೆ. ಬಡಾವಣೆಯ ಲ್ಯಾಬಿನಲ್ಲಿ
ಬೆಳಿಗ್ಗೆ ಏಳಕ್ಕೆ ಇನ್‌ಕ್ಯುಬೇಟರ್ ಬಾಗಿಲು ತೆಗೆದರೆ
ಒಂದು ವಾಸನೆ. ಹಳಸಿದ ಅನ್ನದ್ದಲ್ಲ,
ಕೊಳೆತ ಸೊಪ್ಪಿನದ್ದೂ ಅಲ್ಲ. ಹದಿನಾರು ವರ್ಷವಾಯಿತು,
ಅದಕ್ಕಿನ್ನೂ ಒಂದು ಹೋಲಿಕೆ ಸಿಕ್ಕಿಲ್ಲ ನನಗೆ.

ನಿನ್ನೆ ಗೆರೆ ಎಳೆದಿಟ್ಟ ತಟ್ಟೆಯಲ್ಲಿ
ರಾತ್ರಿಯೆಲ್ಲ ಯಾರೋ ಕೂತು ಪೋಣಿಸಿದ ಹಾಗೆ
ಗುಲಾಬಿ ಚುಕ್ಕಿಗಳು.
ಖುರ್ಷಿದಾಬಿ, ಐವತ್ತೆಂಟು, ಮೂತ್ರ.
ಮನುಷ್ಯರು ನಮಗೆ ಗೊತ್ತಿರುವುದು ಇಷ್ಟೇ.

ವರದಿ ಕನ್ನಡದಲ್ಲೂ ಇರಲಿ ಅಂದಿದ್ದರು ಡಾಕ್ಟರು.
ಪ್ಯಾಥೋಜೆನಿಕ್ ಅಂತಿದ್ದ ಕಡೆ
ನಾನೇ ಟೈಪು ಮಾಡಿದೆ: ರೋಗಕಾರಕ.
ನೋವು ಹುಟ್ಟಿಸುವಂಥದು ಎಂದು ಗ್ರೀಕರು ಕಟ್ಟಿದ್ದು
ಐದೇ ಅಕ್ಷರದಲ್ಲಿ ಕೂತಿತಲ್ಲ ಎಂದು
ಸ್ವಲ್ಪ ಬೀಗಿದೆ ಕೂಡ.

ಸೆರಗಿನ ತುಂಬ ಮಂಡಕ್ಕಿ ಭಟ್ಟಿಯ ಹೊಗೆ ಹೊತ್ತು ಬಂದರು.
ಓದು ಬಾರದು. ಕಿಟಕಿಯಲ್ಲಿ ನಾನೇ ಓದಿ ಹೇಳಿದೆ.
"ಖಾರಕ್ಕಾ?" ಅಂದರು. "ರೋಗ ಖಾರಕ್ಕ ಬಂದೈತಾ?
ಮೆಣಸಿನಕಾಯಿ ಬಿಡ್ಲಾ ಹಂಗಾದ್ರೆ?"
ನಕ್ಕುಬಿಟ್ಟೆ. ನಗಬಾರದಿತ್ತು.

"ಖಾರಕ್ಕಲ್ಲಮ್ಮ, ಹುಳ. ಹುಳದ ಗುಣ ಹೇಳೋ ಮಾತಿದು,
ಕೆಂಪು ಸೀರೆ ಅಂದಂಗೆ, ಕೆಟ್ಟ ಹುಳ ಅಂತ."
"ಇಷ್ಟು ದಿನ ಎಲ್ಲಿತ್ತು?"
"ನಿಮ್ಮ ಕರುಳಲ್ಲೇ. ನನ್ನ ಕರುಳಲ್ಲೂ ಐತಿ."
"ಅಲ್ಲೇನ್ ಮಾಡ್ತಿತ್ತು?"
"ಏನಿಲ್ಲ. ಉಂಡ್ಕೊಂಡು ಇತ್ತು."
"ಮತ್ತೆ ಕೆಟ್ಟದು ಹೆಂಗಾತು?"

ಜಗಳೂರಿನ ಹೈಸ್ಕೂಲಿನಲ್ಲಿ ಅಪ್ಪ ಕನ್ನಡ ಪಂಡಿತ.
ಉ, ಅನ್ನು, ಇಂದ, ಗೆ ಎಂದು
ಬೆತ್ತದಲ್ಲಿ ಮೇಜು ಕುಟ್ಟಿ ಕುಟ್ಟಿ ವಿಭಕ್ತಿ ಹಾಡಿಸಿದವರು.
ಕಾರಕವೆಂದರೆ ಏನು, ಹೇಳು?
ನಾಮಕ್ಕೂ ಕ್ರಿಯೆಗೂ ಇರುವ ನಂಟು ಸಾರ್.
ನಂಟು ಕಡಿದರೆ?
ಗೊತ್ತಿಲ್ಲ ಸಾರ್.

ಕೆಂಪು ಸೀರೆ ಪೆಟ್ಟಿಗೆಯೊಳಗೂ ಕೆಂಪೇ.
ಈ ವಿಶೇಷಣ ಹಾಗಲ್ಲ, ಸಪ್ತಮಿ ಕೇಳುತ್ತದೆ:
ಕರುಳಿನಲ್ಲಿ, ಪದ ಉದುರುತ್ತದೆ,
ಮೂತ್ರಕೋಶದಲ್ಲಿ, ಬಂದು ಕಚ್ಚಿಕೊಳ್ಳುತ್ತದೆ.
ಅದೇ ಹುಳ, ಅದೇ ಬಾಲ, ಅದೇ ಹಸಿವು.
ಕೆಲವಕ್ಕೆ ಅದು ಹುಟ್ಟುಹೆಸರು. ವಿಷಮಶೀತದ್ದು
ಯಾವ ಊರಿಗೆ ಹೋದರೂ ಬಿಟ್ಟಿರಲಾರದು.
ಮೊಸರಿನದಕ್ಕೆ ಅಂಟು ಹಚ್ಚಿ ಒತ್ತಿದರೂ
ನಿಲ್ಲುವುದು ಬಲು ಕಷ್ಟ.

ಇದನ್ನೆಲ್ಲ ಕಿಟಕಿಯ ತೂತಿನಲ್ಲಿ ಹೇಳಲಾಗಲಿಲ್ಲ.
ಹಿಂದೆ ಹನ್ನೊಂದು ಜನ ಸಾಲು.
"ಐದು ದಿನ ಗುಳಿಗೆ ತಗೊಳ್ಳಿ, ನೀರು ಕುಡೀರಿ" ಅಂದೆ.

ಶುಕ್ರವಾರ ಮತ್ತೆ ಬಂದರು. ಉರಿ ಹೋಗಿತ್ತು.
ಕೈಯಲ್ಲಿ ಕಾಗದ, ನಾಲ್ಕು ಮಡಿಕೆ, ಬೆವರಿನ ಕಲೆ.
ಏಳನೇ ಇಯತ್ತೆಯ ಮೊಮ್ಮಗ ಓಣಿಯಲ್ಲಿ ನಿಂತು
ಗಟ್ಟಿಯಾಗಿ ಓದಿದ್ದನಂತೆ.
ನಡುವೆ ಓರೆ ಅಕ್ಷರದಲ್ಲಿದ್ದ ಹುಳದ ಹೆಸರು ತೊಡಕೆಂದು
ಹಾರಿಸಿ ಓದಿದ್ದನಂತೆ:
ಖುರ್ಷಿದಾಬಿ, ರೋಗಕಾರಕ.

ಎರಡು ದಿನ ಅವರ ಚೀಲದ ಮಂಡಕ್ಕಿಗೆ ಗಿರಾಕಿ ಇಲ್ಲ.
ದಿನಾ ಎರಡು ಸೇರು ಒಯ್ಯುವ ಮಿರ್ಚಿ ಅಂಗಡಿಯವನು
ಆಚೆ ಓಣಿಗೆ ಹೋದ.
ಸೊಸೆ ಲೋಟ ಬೇರೆ ಇಟ್ಟಳು,
"ಪಾಪ, ಅವಳಿಗೂ ಮಕ್ಕಳವೆ" ಅಂದರು, ಅವರೇ.

ಏನು ಹೇಳಲಿ? ಕೆಂಪು ಸೀರೆ ಎಂದಿದ್ದೆ.
ಸೀರೆ ಜಾರಿ ಬಣ್ಣವೊಂದೇ ನಡೆದು ಹೋಗಿ
ಸಿಕ್ಕವರ ಮೈಗೆ ಹತ್ತಿತ್ತು.

"ಇನ್ನೊಂದು ಬರಕೊಡವ್ವ," ಅಂದರು,
"ಆ ಮಾತು ಬ್ಯಾಡ ಅನ್ನಂಗಿಲ್ಲ. ಇರ್ಲಿ.
ಹುಳದ ಹೆಸರು ದಪ್ಪಕ್ಕೆ ಬರಿ, ಕನ್ನಡದಾಗ.
ನಂದು ಸಣ್ಣಕ್ಕೆ."

ಬರೆದೆ. ಪ್ರಿಂಟರು ಎರಡು ಸಲ ಕೆಮ್ಮಿ ಕೊಟ್ಟಿತು.
ಹೋಗುವಾಗ ಕಿಟಕಿಯ ಕಟ್ಟೆ ಮೇಲೆ ಒಂದು ಪೊಟ್ಟಣ:
"ಬಿಸಿ ಐತಿ. ಖಾರ ನೀನೇ ಹಾಕ್ಕೋ."

ಒಳಗೆ ತಿನ್ನುವಂತಿಲ್ಲ,
ಗೋಡೆಯ ಮೇಲೆ ನನ್ನದೇ ಕೈಬರಹದ ಸೂಚನೆ.
ಕೈ ತೊಳೆದು, ಕೋಟು ಬಿಚ್ಚಿ,
ಹೊರಗೆ ಮೆಟ್ಟಿಲ ಮೇಲೆ ಕೂತು ತಿಂದೆ.