ನಿರಂಕ

ಖೇಡ ಕೋರ್ಟಿನ ಹುಣಸೆಮರದ ಬುಡಕ್ಕೆ
ನನ್ನ ಮೇಜು, ಒಂದು ಪ್ರಿಂಟರು, ಹರಿದ ಛತ್ರಿ.
ಊರ ಅಂಚಿಗೆ ಭೀಮೆ. ನಮ್ಮ ಇಂಡಿ ತಾಲೂಕಿಗೆ ಹೋಗುವ ನೀರೇ,
ನಾನು ಮಾತ್ರ ಅದಕ್ಕೆ ಎದುರು ಬಂದವನು.
ಪುಟಕ್ಕೆ ಇಪ್ಪತ್ತು. ಮರಾಠಿಯಾದರೂ ಅಷ್ಟೇ, ಇಂಗ್ಲಿಷಾದರೂ ಅಷ್ಟೇ;
ಕನ್ನಡದಲ್ಲಿ ಇಲ್ಲಿ ಯಾರೂ ಪ್ರಮಾಣ ಮಾಡುವುದಿಲ್ಲ,
ಬೈದಾಡಲಿಕ್ಕೆ ಇಟ್ಟುಕೊಂಡಿದ್ದೇವೆ, ನಾನು ಮತ್ತು ಚಹಾದ ಮಾಳಪ್ಪ.

ಹನ್ನೊಂದು ವರ್ಷದಲ್ಲಿ ನಾನು ಅತಿ ಹೆಚ್ಚು ಒತ್ತಿದ ಪದ
ನಿರಂಕ.
ಸಾಲ: ನಿರಂಕ. ಬಂಗಾರ: ನಿರಂಕ. ಖಟ್ಲೆ: ನಿರಂಕ.
ಏನೂ ಇಲ್ಲ ಎನ್ನುವುದಕ್ಕೆ ಸರಕಾರ ಇಟ್ಟ ಮರ್ಯಾದೆಯ ಹೆಸರು.
ಇಲ್ಲದವರು ನಡೆದು ಬರುತ್ತಾರೆ, ಇದ್ದೂ ಇಲ್ಲೆನ್ನುವವರು ಕಾರಿನಲ್ಲಿ,
ಇಬ್ಬರಿಗೂ ಅದೇ ಮೂರಕ್ಷರ.

ಕಾಶವ್ವ ಧೋತ್ರೆ ಚಾಕಣದಿಂದ ಬಂದಳು,
ನಗರ ಪರಿಷತ್ತು, ವಾರ್ಡು ಒಂಬತ್ತು.
ಕಂಪನಿಯ ಕ್ಯಾಂಟೀನಿನಲ್ಲಿ ದಿನಕ್ಕೆ ಎಂಟುನೂರು ಚಪಾತಿ ಲಟ್ಟಿಸುವ ಕೈ,
ಉಗುರ ಸಂದಿಯಲ್ಲಿ ಹಿಟ್ಟು.
ಚಾಳಿನ ನಲ್ಲಿಗೆ ಮೂರು ದಿನಕ್ಕೊಮ್ಮೆ ನೀರು, ಅದೇ ಅವಳ ಪ್ರಣಾಳಿಕೆ;
ಟೈಪು ಮಾಡಿಸುವಷ್ಟು ದುಡ್ಡಿರಲಿಲ್ಲ, ಬಾಯಲ್ಲೇ ಹೇಳಿದಳು.

ಅಫಿಡವಿಟ್ಟಿನ ಐದನೆಯ ಕಾಲಮ್ಮು: ಪತಿಯ ಆಸ್ತಿ.
ನನ್ನ ಬೆರಳು ತಾನಾಗಿ ಹೊರಟಿತ್ತು.
"ತಡಿ ಅಣ್ಣಾ" ಎಂದಳು.
"ಎಂಟು ವರ್ಷಾತು, ಸೋಲಾಪುರ ಗಾಡಿ ಹತ್ತಿ ಹ್ವಾದಂವ.
ಅದಾನೋ ಇಲ್ಲೋ, ಏನ ಗಳಿಸ್ಯಾನ, ನನಗೇನ ಗೊತ್ತು?
ಏನೂ ಇಲ್ಲಂತ ಬರದ್ರ ಸುಳ್ಳಾದೀತು.
ಅಷ್ಟು ಜಾಗಾ ಖಾಲಿ ಬಿಡು."
ಬಿಟ್ಟೆ. ಗಿರಾಕಿ ಹೇಳಿದ್ದನ್ನು ಒತ್ತುವುದು ನನ್ನ ಕೆಲಸ,
ಹೇಳದ್ದನ್ನು ಒತ್ತದಿರುವುದೂ.

ಪರಿಶೀಲನೆಯ ದಿನ ಅಧಿಕಾರಿ ಒಂದೇ ಸಾಲು ಬರೆದ:
ಕಾಲಮ್ಮು ಐದು ರಿಕ್ತ, ಅರ್ಜಿ ತಿರಸ್ಕೃತ.
ಮೂರು ದಿನದೊಳಗೆ ಅಪೀಲು.
ಫೀಜು ಆಮೇಲೆ ಎಂದರು ಕಾಳೋಖೆ ವಕೀಲರು.
ನಾನೂ ಒಳಗೆ ಹೋಗಿ ಹಿಂದಿನ ಬಾಕಿನ ಮೇಲೆ ಕೂತೆ.
ನನ್ನ ಕಾಗದ ನ್ಯಾಯಾಧೀಶರ ಕೈಯಲ್ಲಿ ತಿರುಗುತ್ತಿತ್ತು;
ಬಿಟ್ಟ ಜಾಗ ಅಷ್ಟು ದೂರಕ್ಕೂ ಬೆಳ್ಳಗೆ,
ಗೋಡೆಯಿಂದ ಫೋಟೋ ತೆಗೆದ ಜಾಗದ ಹಾಗೆ.

ಸರಕಾರಿ ವಕೀಲ ತೀರ್ಪುಗಳ ಕಟ್ಟು ಬಿಚ್ಚಿದ:
ಖಾಲಿ ಬಿಡುವುದೂ ಮುಚ್ಚಿಡುವುದೂ ಒಂದೇ,
ಮತದಾರನಿಗೆ ತಿಳಿಯುವ ಹಕ್ಕಿದೆ.
ತಪ್ಪಲ್ಲ ಅವನ ಮಾತು. ಎಷ್ಟು ಜನರ ಬಂಗಲೆಗಳನ್ನು
ನನ್ನ ಈ ಕೈಯೇ ಬಚ್ಚಿಟ್ಟಿಲ್ಲ?
ಆದರೆ ಆ ಕಾಲಮ್ಮುಗಳು ಖಾಲಿ ಇರಲಿಲ್ಲ.
ಅಲ್ಲೆಲ್ಲ ನಿರಂಕ ತುಂಬಿತ್ತು.

"ಯಾಕೆ ಬಿಟ್ಟಿರಿ?" ನ್ಯಾಯಾಧೀಶರು ನೇರ ಅವಳನ್ನೇ ಕೇಳಿದರು.
ಕಾಶವ್ವ ಸೆರಗಿಗೆ ಕೈ ಒರೆಸಿಕೊಂಡಳು.
ಅವಳ ಮರಾಠಿ ನನ್ನ ಕಿವಿ ಮುಟ್ಟುವಷ್ಟರಲ್ಲಿ ಕನ್ನಡವಾಗಿತ್ತು:
"ಮ್ಯಾಲೆ ನೀವಽ ಬರದೀರಲ್ಲ ಸಾಹೇಬ್ರ,
ದೇವ್ರಾಣಿ ಖರೇನಽ ಹೇಳ್ತೀನಂತ."

ಸ್ಟೆನೋನ ಬೆರಳು ನಿಂತವು. ಫ್ಯಾನು ತಿರುಗುತ್ತಿತ್ತು.

ಸಂಜೆ ನಾಲ್ಕಕ್ಕೆ ಆದೇಶ: ತಿರಸ್ಕಾರ ರದ್ದು.
ಸದರಿ ಜಾಗದಲ್ಲಿ 'ಮಾಹಿತಿ ಇಲ್ಲ' ಎಂದು ಬರೆದು ಕೊಡತಕ್ಕದ್ದು.
ನಾನೇ ಒತ್ತಿದೆ. ಎರಡು ಸಲ ಓದಿಸಿಕೊಂಡಳು,
ಎಂಟು ವರ್ಷ ತಡವಾಗಿ ಬಂದ ಪತ್ರವೆಂಬಂತೆ.
ಇಪ್ಪತ್ತು ಬೇಡವೆಂದೆ. ಕೊಟ್ಟೇ ಹೋದಳು.

ಗೆದ್ದಳಾ ಎನ್ನುತ್ತಾನೆ ಮಾಳಪ್ಪ.
ಉಳಿದಿದ್ದ ಚಿಹ್ನೆ ಇಸ್ತ್ರಿಪೆಟ್ಟಿಗೆ. ನೂರ ಹದಿನೇಳು ಮತ.
ಠೇವಣಿಯೂ ಹೋಯಿತು.
ನಲ್ಲಿ ಈಗಲೂ ಮೂರು ದಿನಕ್ಕೊಮ್ಮೆ.

ಮೊನ್ನೆ ಚಾಕಣದಿಂದ ಮೂವರು ಹೆಂಗಸರು, ರೇಶನ್ ಕಾರ್ಡಿನ ಅರ್ಜಿಗೆ.
ಒಬ್ಬಾಕೆ ಕಾಲಮ್ಮಿನ ಮೇಲೆ ಬೆರಳಿಟ್ಟು,
"ಕಾಶವ್ವಗ ಏನ ಬರದ್ಯೋ ಅದನ್ನಽ ಬರಿ" ಎಂದಳು.
ಅಭ್ಯಾಸದಿಂದ 'ನಿ' ಒತ್ತಿಬಿಟ್ಟಿದ್ದೆ.
ಅಳಿಸಿದೆ.