ಕೇಳುಮಣೆ

ಮೊದಲು ಕೈ ಒರೆಸಿಕೊಳ್ಳಿ, ಆಮೇಲೆ ಮುಟ್ಟಿ.
ಮ್ಯೂಸಿಯಮ್ಮಿಗೆ ಕೊಡುವುದೋ ಬಿಡುವುದೋ ಕೊನೆಗೆ ನೋಡೋಣ.

ಆಲ್ಡರ್ ಮರದ ಹಲಗೆ, ಮೊಳದುದ್ದ.
ಅಂಚಿಗೆ ಸೀಲ್ ಚರ್ಮ, ಕುದುರೆ ಬಾಲದ ಮೂರು ಎಳೆ,
ಮೇಲೆ ಜರಡಿ ಹಿಡಿದ ರೈ ಹುಲ್ಲಿನ ಬೂದಿ.
ಒಂದೇ ಕಾಲು. ಅದನ್ನು ಊರಿದರೆ
ಕೆಳಗಿನ ಸದ್ದೆಲ್ಲ ಬೂದಿಯಲ್ಲಿ ಮೂಡುತ್ತದೆ,
ಅಕ್ಷರವಾಗಿ ಅಲ್ಲ, ದಾರಿಯಾಗಿ.

ನನ್ನಪ್ಪ ಪ್ರೀದಿಕ್, ಹಿಯುಮಾ ದ್ವೀಪದಿಂದ ಆಚೆ ದಡಕ್ಕೆ
ಮಂಜುಗಡ್ಡೆಯ ಮೇಲಿನ ದಾರಿ ಕಾಯುತ್ತಿದ್ದ.
ಜನವರಿಯಲ್ಲಿ ಸಮುದ್ರ ಕಲ್ಲಾದ ಮೇಲೆ
ಮೊದಲು ನಡೆಯುವವನು ಅವನು. ಹಿಂದೆ ನಾನು,
ಗುರುತಿಗೆ ನೆಡುವ ಜೂನಿಪರ್ ಕೊಂಬೆಗಳ ಹೊರೆ ಎಳೆದುಕೊಂಡು.

ಹೆಪ್ಪುಗಟ್ಟುವುದೆಂದರೆ ನಿದ್ದೆ ಅಂದುಕೊಂಡಿರಾ?
ನರಳುತ್ತದೆ ಅದು, ಹಲ್ಲು ಕಡಿಯುತ್ತದೆ,
ಎಲ್ಲೋ ಕಬ್ಬಿಣದ ಬಾಗಿಲು ಎಳೆದ ಹಾಗೆ ಒಮ್ಮೊಮ್ಮೆ.
ಅಪ್ಪ ಮಣೆ ಊರಿ ಮಂಡಿಯೂರುತ್ತಿದ್ದ.
ಬೂದಿ ಇರುವೆ ಸಾಲಿನಂತೆ ಹರಿದಾಡಿ
ಗಟ್ಟಿ ಇದ್ದಲ್ಲಿ ದಪ್ಪ ಗೆರೆ,
ಬಿರುಕು ಬಿಟ್ಟಲ್ಲಿ ಕೂದಲೆಳೆ.
ಮರ ಬರಿದಾಗಿ ಕಂಡರೆ ಅಲ್ಲಿ ಕಾಲಿಡಬಾರದು.
“ಬಾಯಿ ಮುಚ್ಚು ಹಿಲ್ಯಾ,” ಅನ್ನುತ್ತಿದ್ದ,
“ನಿನ್ನ ನಕ್ಷೆ ಇದರೊಳಗೆ ಬೆರೆತರೆ ಕುದುರೆ ಮುಳುಗುತ್ತದೆ.”
ಒಮ್ಮೆ ತಡೆಯಲಾಗದೆ ನಕ್ಕುಬಿಟ್ಟೆ.
ಬೂದಿಯಲ್ಲಿ ನಮ್ಮ ಹಿತ್ತಿಲು ಮೂಡಿತು, ಕೋಳಿಗೂಡಿನ ಸಮೇತ.

ಹತ್ತೊಂಬತ್ತು ಚಳಿಗಾಲ, ಒಂದು ಬಂಡಿಯೂ ಮುಳುಗಲಿಲ್ಲ.
ಇಲ್ಲ, ಸುಳ್ಳು ಯಾಕೆ, ಒಂದು ಮುಳುಗಿತು.
ಪಾದ್ರಿಯದು, ಹೇಳಿದ ಮಾತು ಕೇಳದೆ ಹೋದದ್ದು.
ಕುದುರೆ ಉಳಿಯಿತು. ಪಾದ್ರಿಯೂ. ಪಿಯಾನೊ ಉಳಿಯಲಿಲ್ಲ.
ವಸಂತದವರೆಗೂ ಆ ಜಾಗದಲ್ಲಿ ಮಣೆ ಊರಿದರೆ
ಮೆಟ್ಟಿಲು ಮೂಡುತ್ತಿತ್ತು, ಕೆಳಗಿಳಿಯುವ ಮೆಟ್ಟಿಲು.

ಅಪ್ಪನ ನಂತರ ದಾರಿ ನನ್ನದಾಯಿತು.

ಏಲ್ಮಾರ್ ಮರಳಿ ಬಂದದ್ದು ಐವತ್ತಾರರಲ್ಲಿ.
ಏಳು ವರ್ಷ ಅವನನ್ನು ಎಲ್ಲಿಟ್ಟಿದ್ದರು ಎಂದು ಊರಲ್ಲಿ ಯಾರೂ ಕೇಳಲಿಲ್ಲ.
ಕೇಳಬಾರದೆಂದು ಎಲ್ಲರಿಗೂ ಗೊತ್ತಿತ್ತು, ಹೆಂಡತಿಗೂ.
ಬಲೆ ಹೆಣೆದ. ಒಲೆ ಸುಣ್ಣ ಬಳಿದ.
ಮೇಜಿನ ಮೇಲಿನ ಬ್ರೆಡ್ಡಿನ ಪುಡಿಯನ್ನು ಅಂಗೈಯಲ್ಲಿ ಒಟ್ಟುಮಾಡಿ ತಿಂದ.
ರಾತ್ರಿ ಗೊರಕೆ ಹೊಡೆದ.

ಎಳೆ ಬಿಗಿಯಲೆಂದು ತಂದ ಮಣೆ ಒಂದು ರಾತ್ರಿ
ಮಂಚದ ಪಕ್ಕದಲ್ಲೇ ನಿಂತಿತ್ತು.
ಬೆಳಗಿನ ಜಾವ ಒಲೆ ಕೆದಕಲು ಎದ್ದವಳು ನೋಡಿದೆ:
ಒಂದು ನದಿ, ನಮ್ಮ ಕಡೆ ಇಲ್ಲದಷ್ಟು ಅಗಲ.
ದಡದಲ್ಲಿ ಹದಿನಾಲ್ಕು ಉದ್ದ ಮನೆ.
ಬಾವಿ. ಬಾವಿಯಿಂದ ಹತ್ತನೆಯ ಮನೆಗೆ ಸವೆದ ಹಾದಿ.
ಬೇಲಿಯಾಚೆ, ಬರ್ಚ್ ತೋಪಿನ ಹತ್ತಿರ
ಉಗುರಿನಷ್ಟು ಪುಟ್ಟ ಒಂದು ಆಯತ.
ಅವನು ಉಸಿರು ಬಿಟ್ಟಾಗಲೆಲ್ಲ ಅದರ ಅಂಚು ಗಟ್ಟಿಯಾಗುತ್ತಿತ್ತು,
ಯಾರೋ ದಿನಾ ಹೋಗಿ ಮಣ್ಣು ತಟ್ಟಿ ಬಂದ ಹಾಗೆ.

ಅಷ್ಟು ಸಣ್ಣ ಗುಂಡಿಯಲ್ಲಿ ದೊಡ್ಡವರು ಹಿಡಿಯುವುದಿಲ್ಲ.
ನಮಗೆ ಮಕ್ಕಳಾಗಿರಲಿಲ್ಲ.

ಬೂದಿ ಮುಚ್ಚಿದ ಕೆಂಡ ಅನ್ನುತ್ತಾರಲ್ಲ,
ಇಲ್ಲಿ ಬೂದಿಯೇ ಬಾಯಿ ಬಿಟ್ಟಿತ್ತು.
ಊದಿಬಿಟ್ಟೆ. ನೀರು ಕಾಯಿಸಿದೆ.

ಆ ವಾರ ಕೊಂಬೆ ಎಳೆಯಲು ಅವನೇ ಬಂದ.
ನಡುನೀರಿನ ಮೇಲೆ, ಎರಡು ದಡವೂ ಕಾಣದ ಕಡೆ,
ಮಣೆ ಊರಿ ಮಂಡಿಯೂರಿದವಳು
ಅಪ್ಪನ ಮಾತು ಮೀರಿದೆ.
“ಹೆಸರೇನು?” ಅಂದೆ.
ಯಾರ ಹೆಸರು ಎಂದು ಅವನು ಕೇಳಲಿಲ್ಲ.
ಕೈಗವಸು ತೆಗೆದ. ಮತ್ತೆ ಹಾಕಿಕೊಂಡ. ಹೇಳಿದ.

ಎರಡೇ ಅಕ್ಷರ. ಕಾಲಡಿಯ ಗಡ್ಡೆ ದಡದಿಂದ ದಡಕ್ಕೆ ಗುಂಯ್‌ಗುಟ್ಟಿತು.

ಐವತ್ತೇಳರ ದಾರಿ ಏಕೆ ಡೊಂಕು ಎಂದು
ಮೀನಿನ ಲಾರಿಯವರು ಇವತ್ತಿಗೂ ಬೈಯುತ್ತಾರೆ.
ಗಟ್ಟಿ ಮಂಜುಗಡ್ಡೆ, ಬಿರುಕಿಲ್ಲ, ಏನಿಲ್ಲ,
ಆದರೂ ನಾವಿಬ್ಬರು ಕೊಂಬೆಗಳನ್ನು ಸುತ್ತು ಹಾಕಿ ನೆಟ್ಟೆವು,
ನಡುವೆ ಒಂದು ತುಂಡು ಬಿಟ್ಟು.
ಆ ಚಳಿಗಾಲವಿಡೀ ಯಾವ ಗಾಲಿಯೂ ಅದರ ಮೇಲೆ ಹರಿಯಲಿಲ್ಲ.

ಈಗ ಸಮುದ್ರ ಎಲ್ಲಿ ಕಟ್ಟುತ್ತದೆ?
ತಗೊಂಡು ಹೋಗಿ, ಗಾಜಿನೊಳಗಿಡಿ, ಕಾಲು ಮಾತ್ರ ಊರಬೇಡಿ.
ಆ ಹೆಸರು ಬೇಕೇ?
ಇದರ ಹತ್ತಿರ ಹೇಳುವುದಿಲ್ಲ.
ಹೊರಗೆ ಬನ್ನಿ.