ಬಿಳಿ ಟೋಪಿಯ ಹಿಂದೆ ಬನ್ನಿ

ಅಸನದಲ್ಲಿ ಜನ ಜಾಸ್ತಿ. ಕೊಡೆ ಎತ್ತಿ ಹಿಡಿಯುವವನಲ್ಲ ನಾನು,
ಬಾವುಟವೂ ಇಲ್ಲ. ಈ ಬಿಳಿ ಟೋಪಿ ನೋಡಿಕೊಳ್ಳಿ, ಸಾಕು.
ಬಿಳಿ ಅಂಗಿ, ಬಿಳಿ ಪ್ಯಾಂಟು, ಬಟ್ಟೆಯ ಬೂಟು.
ಕಂಪನಿಯ ಸಮವಸ್ತ್ರವೇ ಎಂದು ಹೋದ ವಾರ ಕೇಳಿದರೊಬ್ಬರು.
ಹೌದೆಂದೆ. ಮಳೆ ಹನಿಯುತ್ತಿತ್ತು, ಕಥೆ ಉದ್ದ.

ಒಂಬತ್ತು ಜನ ಇದ್ದೀರಿ. ಆಗಾಗ ಎಣಿಸುತ್ತೇನೆ, ಬೇಸರ ಬೇಡ.
ಮೊದಲ ಅಂಗಡಿಯಲ್ಲೇ ಹೊಟ್ಟೆ ತುಂಬಿಸಿಕೊಂಡವರು
ನಾಲ್ಕನೆಯದರಲ್ಲಿ ನನ್ನನ್ನು ಬೈಯುತ್ತಾರೆ.

ಇದು ಬಾರಾ. ರಾತ್ರಿ ನೆನೆಸಿದ ಉದ್ದು,
ಸಿಪ್ಪೆ ಉಜ್ಜಿ ತೊಳೆದು, ರುಬ್ಬಿ, ಅಂಗೈಯಲ್ಲಿ ತಟ್ಟಿ ಕಾವಲಿಗೆ.
ಬೇಕಾದವರಿಗೆ ಮೇಲೊಂದು ಮೊಟ್ಟೆ.
ನ್ಹುಚ್ಛೆಮಾಯಾ ತಲೆ ಎತ್ತುವುದಿಲ್ಲ, ಮಾತಾಡಿಸಬೇಡಿ,
ಅಂಚು ಗರಿಯಾಗುವುದನ್ನು ಕಿವಿಯಲ್ಲೇ ಹಿಡಿಯುವವಳು.
ನನ್ನನ್ನು ಮಾತ್ರ ಕೇಳುತ್ತಾಳೆ: "ಇನ್ನೆಷ್ಟು ತಿಂಗಳು?"
ಎರಡು ಬೆರಳು ತೋರಿಸುತ್ತೇನೆ.
ಅದು ನಮ್ಮನಮ್ಮಲ್ಲಿ, ಬಿಡಿ.

ಹುಲ್ಲಿನ ಬೆಂಕಿಯಲ್ಲಿ ಸುಟ್ಟ ಕೋಣನ ಮಾಂಸ, ಅದಕ್ಕೆ
ಸಾಸಿವೆ ಎಣ್ಣೆಯಲ್ಲಿ ಕಪ್ಪಾಗುವಂತೆ ಸಿಡಿಸಿದ ಮೆಂತ್ಯ,
ಪಕ್ಕದಲ್ಲಿ ಅವಲಕ್ಕಿ, ಒಣಗಿದ್ದೇ, ನೆನೆಸಿದ್ದಲ್ಲ.
ಮೊದಲು ಮೂಗಿಗೆ, ಆಮೇಲೆ ಕಣ್ಣಿಗೆ, ಕೊನೆಗೆ ನಾಲಿಗೆಗೆ
ಎಂದು ಹೇಳುತ್ತಿದ್ದೆ. ಕ್ರಮ ಸರಿಯಿದೆಯೇ ಈಗಲೂ?
ತಿಂದವರು ಹೇಳಿ.

ಈ ಮರದ ತುಂಡು ಹಲ್ಲುನೋವಿನ ದೇವರು.
ಮೊಳೆ ಹೊಡೆದು ನಾಣ್ಯ ಜಡಿದು ಮರವೇ ಕಾಣದು.
ಸುತ್ತ ದಂತವೈದ್ಯರ ಬೋರ್ಡು, ನಗುವ ಬರೀ ದವಡೆಗಳು;
ದೇವರು ಕೈಬಿಟ್ಟವರು ಮಹಡಿ ಹತ್ತಬಹುದು.
ಎಡಗಡೆ, ಕೆಳಗೆ, ಒಂದು ನಾಣ್ಯ ನಮ್ಮದು.
ಯಾವುದೆಂದು ಅಪ್ಪನಿಗೆ ಗೊತ್ತಿತ್ತು.

ಅನ್ನಪೂರ್ಣೆಗೆ ಇಲ್ಲಿ ಮೂರ್ತಿಯಿಲ್ಲ, ತುಂಬಿದ ಬೆಳ್ಳಿಯ ಕೊಡ.
ಒಳಗೆ ಹೋಗಿ, ಗಂಟೆ ಬಾರಿಸಿ, ಸುತ್ತಿ ಬನ್ನಿ.
ನಾನು ಇಲ್ಲೇ ನಿಮ್ಮ ಚಪ್ಪಲಿ ಕಾಯುತ್ತೇನೆ.

ಚೀಲವನ್ನು ಎದೆಗೆ ಕಟ್ಟಿಕೊಂಡ ಅಕ್ಕ, ನೀವು
ಬಾರಾದ ಹತ್ತಿರವೇ ಗಮನಿಸಿದಿರಿ, ಈಗ ಕೇಳುತ್ತಿದ್ದೀರಿ.
ಹೌದು, ನಾನು ಏನೂ ತಿಂದಿಲ್ಲ.
ಅಪ್ಪ ಹೋಗಿ ಹತ್ತು ತಿಂಗಳು. ವರ್ಷ ತುಂಬುವವರೆಗೆ
ಮಗನಿಗೆ ಬಿಳಿ ಬಟ್ಟೆ, ಚರ್ಮ ಮುಟ್ಟದ ಕಾಲು,
ಪರರ ಒಲೆಯದು ವರ್ಜ್ಯ.
ತಾಯಿ ತೀರಿದರೆ ಹಾಲು ಬಿಡಬೇಕು, ತಂದೆ ತೀರಿದರೆ ಮೊಸರು.
ಯಾರು ಹಂಚಿದರೋ ಹೀಗೆ ಒಂದೇ ಎಮ್ಮೆಯನ್ನು ಇಬ್ಬರಿಗೆ!
ಬಾಯಿಂದ ದುಡಿದು ತಿನ್ನುವವನು ನಾನು:
ಅರ್ಧ ಬಾಯಿಗೆ ಬೀಗ, ಇನ್ನರ್ಧಕ್ಕೆ ಸಂಬಳ.
ಪಾಪ ಅನ್ನಬೇಡಿ. ಮನೆಯಲ್ಲಿ ನಾನೇ ಬೇಯಿಸಿದ ಅನ್ನವಿದೆ,
ಉಪ್ಪು ಒಮ್ಮೊಮ್ಮೆ ಮರೆಯುತ್ತದೆ, ಅಷ್ಟೇ.

ಬನ್ನಿ, ಕೊನೆಯದು ಮೊಸರು.
ನಾನು ಇಟ್ಟ ಕ್ರಮವಲ್ಲ, ಕಂಪನಿಯದು.
ಭಕ್ತಪುರದಿಂದ ಬೆಳಗಿನ ಜಾವ ಬರುವ ಮಣ್ಣಿನ ಬಟ್ಟಲು,
ಜುಜು ಧೌ ಅನ್ನುತ್ತೇವೆ, ಮೊಸರಿನ ರಾಜ.
ಹೊಟ್ಟಿನ ಮೇಲಿಟ್ಟು, ಕಂಬಳಿ ಹೊದಿಸಿ, ಅಲುಗದಂತೆ ಹೆಪ್ಪುಗಟ್ಟಿಸಿದ್ದು.
ಟ್ರಾಲಿ ಬಸ್ಸು ಓಡುತ್ತಿದ್ದ ಕಾಲ. ಅಪ್ಪನ ಮಡಿಲಲ್ಲಿ ಇಂಥದೊಂದು ಬಟ್ಟಲು,
ಪಕ್ಕದಲ್ಲಿ ನಾನು. ಬ್ರೇಕು ಬಿತ್ತು.
ಅವನ ಎರಡೂ ಕೈ ಬಟ್ಟಲಿಗೆ ಹೋದವು.
ನನ್ನ ಹಲ್ಲು ಮುಂದಿನ ಸೀಟಿನ ಕಂಬಿಗೆ.
ನಾಣ್ಯ ಜಡಿದದ್ದು ಆ ಸಂಜೆಯೇ. ಅಮ್ಮ ಎರಡು ದಿನ ಮಾತಾಡಲಿಲ್ಲ.
ಮೊಸರು ಮಾತ್ರ ಒಂದು ಬಿರುಕೂ ಬಿಟ್ಟಿರಲಿಲ್ಲ,
ತೋರಿಸಲೆಂದು ನನ್ನ ತಲೆಯ ಮೇಲೇ ಬೋರಲು ಹಿಡಿದ.
ಅಳು ನಿಂತುಹೋಯಿತು.

ನೋಡಿ, ಹೀಗೆ. ಬೀಳುವುದಿಲ್ಲ.
ಹೆದರಬೇಡಿ, ಬಿದ್ದರೂ ನನ್ನ ಬಟ್ಟೆಯಲ್ಲಿ ಕಾಣದು.

ತಿನ್ನಿ. ಸಿಹಿ ಮೊದಲು, ಹುಳಿ ತಡವಾಗಿ, ಕೊನೆಗೆ ಹೊಗೆ...
ಹೊಗೆಯೇ? ಏಲಕ್ಕಿಯೇ?
ನೆನಪಿನಿಂದ ಹೇಳುತ್ತಿದ್ದೇನೆ, ತಪ್ಪಿದ್ದರೆ ತಿದ್ದಿ.

ಗ್ಯಾನಿಮಾಯಾ ಪ್ರತಿ ಸಲವೂ ಹತ್ತು ಚಮಚ ಇಡುತ್ತಾಳೆ.
ಆಮೇಲೆ ನನ್ನ ಟೋಪಿ ನೋಡಿ ಒಂದನ್ನು ತೆಗೆದು
ಸೆರಗಿನಲ್ಲಿ ಒರೆಸುತ್ತಾ ನಿಲ್ಲುತ್ತಾಳೆ,
ಒರೆಸಲು ಅದರಲ್ಲಿ ಏನೂ ಇರುವುದಿಲ್ಲ.

ಟ್ಯಾಕ್ಸಿ ಆ ಕಡೆ. ಮೀಟರು ಹಾಕಲು ಹೇಳಿ, ಹಾಕುವುದಿಲ್ಲ, ಆದರೂ ಹೇಳಿ.
ಏಳು, ಎಂಟು...
ಚೀಲದ ಅಕ್ಕ ಎಲ್ಲಿ?
ಆ ಮರದ ತುಂಡಿನ ಹತ್ತಿರ ಬಗ್ಗಿ ನಿಂತಿದ್ದಾರೆ,
ಎಡಗಡೆ, ಕೆಳಗೆ ಹುಡುಕುತ್ತಾ.